ಕಟ್ಟು ಮಾತ್ರವಲ್ಲ, ಕಾಳೂ ನಿಮಗೇ



ಕೆಚ್ಚಲು ಬಾವು, ಕರುಗಳ ಜಂತುಹುಳು, ಖನಿಜ ಮಿಶ್ರಣ ಇವುಗಳ ಬಗ್ಗೆ ಇಲ್ಲಿ ಓದುತ್ತಲೇ ಇರುತ್ತೀರಿ. ಈ ಸಲ ಹುರುಳಿ ಸಾರಿನ ಬಗ್ಗೆ ಬರೆಯುತ್ತಿದ್ದೇನೆ. ದನದ ಡಾಕ್ಟರಿಗೆ ಅಡುಗೆಮನೆಯಲ್ಲಿ ಏನು ಕೆಲಸ ಎಂದು ನಗಬೇಡಿ. ಈ ಸಾರಿನ ಕಥೆ ಕೊಟ್ಟಿಗೆಯಿಂದಲೇ ಶುರುವಾಗುತ್ತದೆ.

ಒಂದು ಬೆಳಿಗ್ಗೆ ಫೋನು ಬಂತು. ಕರು ಹಾಕಿ ಹನ್ನೆರಡು ದಿನವಾಗಿದ್ದ ಎಚ್.ಎಫ್. ಮಿಶ್ರತಳಿ ಹಸು ಮೇವು ಬಿಟ್ಟಿತ್ತು. ಹೋಗಿ ನೋಡಿದರೆ ಮೆಲುಕು ನಿಂತಿದೆ, ಹೊಟ್ಟೆ ಮಂದವಾಗಿದೆ, ಸಗಣಿ ನೀರಾಗಿ ಹುಳಿ ವಾಸನೆ ಬರುತ್ತಿದೆ. "ಏನು ಹಾಕಿದ್ರಿ ಅಕ್ಕ?" ಎಂದು ಕೇಳಿದೆ.

"ದಿನಾ ಒಂದು ಸೇರು ಹುರುಳಿ ಬೇಯ್ಸಿ ಹಾಕ್ತಿದ್ದೆ ಮೇಡಂ. ಹಾಲು ಏರ್ಲಿ ಅಂತ ನೆನ್ನೆ ಎರಡು ಸೇರು ಹಾಕ್ದೆ. ಅನ್ನಾನೂ ಮಿಕ್ಕಿತ್ತು, ಅದನ್ನೂ ಸುರಿದೆ."

ಹೊಟ್ಟೆಯಲ್ಲಿ ಹುಳಿ ಏರಿತ್ತು. ನಾವು ಇದನ್ನು ಆಮ್ಲೀಯತೆ ಅಥವಾ ಅಸಿಡೋಸಿಸ್ ಎನ್ನುತ್ತೇವೆ. ಹಬ್ಬದ ಮಾರನೆಯ ದಿನ ನಮಗೆ ಬರುವ ಕರೆಗಳಲ್ಲಿ ಇದೇ ಹೆಚ್ಚು. ಚಿಕಿತ್ಸೆ ಕೊಟ್ಟೆ. ಹಾಗೆಯೇ ಹಸುವಿನ ಕಣ್ಣಿನ ಕೆಳ ರೆಪ್ಪೆ ಇಳಿಸಿ ನೋಡಿದೆ. ರಕ್ತ ಸಾಕಷ್ಟಿದ್ದರೆ ಒಳಗೆ ಗುಲಾಬಿ ಬಣ್ಣ ಇರುತ್ತದೆ, ಕಡಿಮೆಯಾದರೆ ಬಿಳಿಚಿಕೊಳ್ಳುತ್ತದೆ. ಹಸುವಿನದು ಚೆನ್ನಾಗಿಯೇ ಇತ್ತು.

ಅಷ್ಟರಲ್ಲಿ ಹಗ್ಗ ಹಿಡಿದಿದ್ದ ಆ ಅಕ್ಕ ಕಂಬಕ್ಕೆ ಒರಗಿ ಕುಸಿದು ಕೂತರು. "ಏನಿಲ್ಲ ಮೇಡಂ, ಸ್ವಲ್ಪ ತಲೆ ಸುತ್ತು. ದಿನಾ ಇದ್ದದ್ದೇ" ಎಂದರು. ಅವರ ಕಣ್ಣಿನ ರೆಪ್ಪೆಯನ್ನೂ ಇಳಿಸಿ ನೋಡಿದೆ. ಸುಣ್ಣದ ಗೋಡೆಯ ಹಾಗೆ ಬೆಳ್ಳಗಿತ್ತು.

"ರಾತ್ರಿ ಏನು ಊಟ ಮಾಡಿದ್ರಿ?"

"ಮುದ್ದೆ, ಹುರುಳಿ ಕಟ್ಟಿನ ಸಾರು."

"ಕಾಳು?"

"ಕಾಳು ಹಸೂಗೆ ಹಾಕಿದ್ನಲ್ಲ ಮೇಡಂ!"

ಅದೇ ವಾರ ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲಿ ಅವರ ರಕ್ತ ಪರೀಕ್ಷೆ ಮಾಡಿಸಿದರು. ಹಿಮೋಗ್ಲೋಬಿನ್ 8ಕ್ಕಿಂತ ಸ್ವಲ್ಪ ಮೇಲಿತ್ತು. ಹೆಂಗಸರಿಗೆ ಅದು ಕನಿಷ್ಠ 12 ಇರಬೇಕು. ಇದು ಅವರೊಬ್ಬರ ಕಥೆಯಲ್ಲ. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಕರ್ನಾಟಕದಲ್ಲಿ 15ರಿಂದ 49 ವರ್ಷದ ಹೆಂಗಸರಲ್ಲಿ ನೂರಕ್ಕೆ ಸುಮಾರು 48 ಮಂದಿಗೆ ರಕ್ತಹೀನತೆ ಇದೆ. ನಿಮ್ಮ ಸಂಘದಲ್ಲಿ ಬೆಳಿಗ್ಗೆ ಹಾಲಿಗೆ ಸಾಲು ನಿಂತಾಗ ಎಣಿಸಿ ನೋಡಿ. ಇಬ್ಬರಲ್ಲಿ ಒಬ್ಬರು ಎಂದಾಯಿತು.

ಕಟ್ಟಿನಲ್ಲಿ ಎಷ್ಟು, ಕಾಳಿನಲ್ಲಿ ಎಷ್ಟು?

ಹುರುಳಿ ಬೇಯಿಸಿ, ಬಸಿದ ಕಟ್ಟನ್ನು ಮನೆಯವರಿಗೆ ಸಾರು ಮಾಡಿ, ಕಾಳನ್ನು ಎತ್ತುಗಳಿಗೆ ಹಾಕುವುದು ನಮ್ಮ ಹಿರಿಯರು ಕಂಡುಕೊಂಡ ಜಾಣತನ. ದಿನವಿಡೀ ಉಳುವ ಎತ್ತಿಗೆ ಬಲ ಬೇಕಿತ್ತು, ಆಗ ಹಳ್ಳಿಗೆ ಪಶು ಆಹಾರದ ಚೀಲ ಬರುತ್ತಿರಲಿಲ್ಲ. ಒಂದು ಹನಿಯೂ ವ್ಯರ್ಥವಾಗದ ಅಡುಗೆ ಅದು. ಅದರ ರುಚಿಯ ಬಗ್ಗೆ ನನ್ನ ತಕರಾರಿಲ್ಲ, ನಾನೂ ಅದನ್ನೇ ಉಂಡು ಬೆಳೆದವಳು.

ಆದರೆ ಲೆಕ್ಕ ನೋಡೋಣ. 100 ಗ್ರಾಂ ಹುರುಳಿಯಲ್ಲಿ ಸುಮಾರು 22 ಗ್ರಾಂ ಪ್ರೋಟೀನ್ ಇದೆ. ಬೇಯಿಸಿದಾಗ ಉಪ್ಪು, ಬಣ್ಣ, ಪರಿಮಳ, ಪೋಷಕಾಂಶಗಳಲ್ಲಿ ಒಂದು ಪಾಲು ನೀರಿಗೆ ಇಳಿಯುತ್ತದೆ. ಪ್ರೋಟೀನಿನ ಹೆಚ್ಚಿನ ಭಾಗ ಮಾತ್ರ ಕಾಳಿನಲ್ಲೇ ಉಳಿಯುತ್ತದೆ. ಅಂದರೆ ಒಂದು ಕಿಲೋ ಹುರುಳಿ ಬೇಯಿಸಿ ಕಾಳನ್ನು ಕೊಟ್ಟಿಗೆಗೆ ಒಯ್ದರೆ 220 ಗ್ರಾಂ ಪ್ರೋಟೀನಿನಲ್ಲಿ ಬಹುಪಾಲು ಅದರ ಜೊತೆ ಹೋಯಿತು. 55 ಕಿಲೋ ತೂಕದ ಹೆಂಗಸಿಗೆ ದಿನಕ್ಕೆ ಸುಮಾರು 46 ಗ್ರಾಂ ಪ್ರೋಟೀನ್ ಬೇಕು ಎಂದು ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆ ಹೇಳುತ್ತದೆ. ಒಂದು ಕಿಲೋ ಹುರುಳಿಯಲ್ಲಿ ಇರುವುದು ಹೆಚ್ಚು ಕಡಿಮೆ ಐದು ಹೆಂಗಸರ ಒಂದು ದಿನದ ಪ್ರೋಟೀನ್.

ಇನ್ನೊಂದು ಲೆಕ್ಕ. ದಿನಕ್ಕೆ 10 ಲೀಟರ್ ಹಾಲು ಡೇರಿಗೆ ಹಾಕುವ ಮನೆಯಿಂದ 300 ಗ್ರಾಂಗೂ ಹೆಚ್ಚು ಪ್ರೋಟೀನ್ ಕ್ಯಾನಿನಲ್ಲಿ ಹೊರಗೆ ಹೋಗುತ್ತದೆ. ಅದಕ್ಕೆ ಹಣ ಬರುತ್ತದೆ, ಬರಲೇಬೇಕು. ಆದರೆ ಹಾಲೂ ಹೋಗಿ, ಕಾಳೂ ಹೋಗಿ, ಮನೆಯವಳ ತಟ್ಟೆಯಲ್ಲಿ ಮುದ್ದೆ ಮತ್ತು ತಿಳಿ ಸಾರು ಉಳಿದರೆ ಅದು ನಷ್ಟದ ವ್ಯಾಪಾರ.

ಹಸುವಿಗೆ ಆಗುತ್ತದೆ, ನಮಗೆ ಆಗದು

"ಹಸು ದುಡಿಯುತ್ತೆ ಮೇಡಂ, ಅದಕ್ಕೆ ಮೊದಲು ಹಾಕಬೇಕು" ಎಂದು ಆ ಮನೆಯ ಅತ್ತೆ ಹೇಳಿದರು. ಮಾತು ಸರಿ. ಆದರೆ ಹಸುವಿನ ಹೊಟ್ಟೆಯೇ ಬೇರೆ.

ಹಸುವಿನ ಹೊಟ್ಟೆಗೆ ನಾಲ್ಕು ಕೋಣೆಗಳಿವೆ. ಮೊದಲನೆಯ ದೊಡ್ಡ ಕೋಣೆ ರೂಮೆನ್. ಅದರಲ್ಲಿ ಕಣ್ಣಿಗೆ ಕಾಣದ ಕೋಟ್ಯಂತರ ಸೂಕ್ಷ್ಮಜೀವಿಗಳು ವಾಸವಾಗಿವೆ. ರಾಗಿ ಹುಲ್ಲು, ಜೋಳದ ಸಪ್ಪೆ, ಹಿಂಡಿ, ಏನು ಹಾಕಿದರೂ ಅವು ಮೊದಲು ಒಡೆದು ತಾವು ತಿಂದು ಬೆಳೆಯುತ್ತವೆ. ನಂತರ ಆ ಸೂಕ್ಷ್ಮಜೀವಿಗಳೇ ಮುಂದಿನ ಕೋಣೆಗಳಿಗೆ ಸಾಗಿ ಜೀರ್ಣವಾಗಿ ಹಸುವಿಗೆ ಉತ್ತಮ ಪ್ರೋಟೀನ್ ಆಗುತ್ತವೆ. ನಾವು ಬಾಯಿಗಿಡಲಾಗದ ಮೇವಿನಿಂದ ಹಸು ಹಾಲು ಮಾಡುವುದು ಹೀಗೆ.

ಇದರಿಂದ ಎರಡು ಮಾತು ತಿಳಿಯುತ್ತದೆ. ಒಂದು, ನೀವು ಪ್ರೀತಿಯಿಂದ ಬೇಯಿಸಿ ಹಾಕಿದ ಹುರುಳಿಯ ಒಳ್ಳೆಯ ಪ್ರೋಟೀನನ್ನೂ ರೂಮೆನ್ನಿನಲ್ಲಿ ಬಹುಪಾಲು ಒಡೆದೇ ಹಾಕುತ್ತವೆ. ಅದೇ ಕೆಲಸ ಹಿಂಡಿಯಿಂದಲೂ ಪಶು ಆಹಾರದಿಂದಲೂ ಆಗುತ್ತದೆ. ಎರಡು, ಬೇಯಿಸಿದ ಕಾಳು, ಅನ್ನ, ಪಾಯಸ ಇವು ಬೇಗ ಹುದುಗಿ ಹುಳಿಯಾಗುತ್ತವೆ. ಒಮ್ಮೆಲೇ ಹೆಚ್ಚಾದರೆ ಆ ಸೂಕ್ಷ್ಮಜೀವಿಗಳೇ ಸಾಯುತ್ತವೆ, ಹಸು ಮಲಗುತ್ತದೆ.

ನಿಮಗೆ ಇರುವುದು ಒಂದೇ ಕೋಣೆಯ ಹೊಟ್ಟೆ. ಹುಲ್ಲಿನಿಂದ ಪ್ರೋಟೀನ್ ಮಾಡಿಕೊಡುವವರು ಅಲ್ಲಿ ಯಾರೂ ಇಲ್ಲ. ನಿಮಗೆ ಕಾಳೇ ಬೇಕು. ಹುರುಳಿ ಹೊಟ್ಟು ಹಸುವಿಗೆ ಹಾಕಿ, ಅದು ಒಳ್ಳೆಯ ಮೇವು. ಕಾಳು ನೀವು ಇಟ್ಟುಕೊಳ್ಳಿ.

ಗಟ್ಟಿ ಹುರುಳಿ ಸಾರು ಮಾಡುವ ಬಗೆ

ಇದು ಬಸಿಯದ ಸಾರು. ಕಟ್ಟೂ ಕಾಳೂ ಒಂದೇ ಪಾತ್ರೆಯಲ್ಲಿ ಇರುತ್ತವೆ. ಕಾಳಿನಲ್ಲಿ ಅರ್ಧದಷ್ಟನ್ನು ಅರೆದು ಅದಕ್ಕೇ ಸೇರಿಸುತ್ತೇವೆ.

ಐದು ಜನರಿಗೆ ಬೇಕಾಗುವುದು: ಹುರುಳಿ ಕಾಳು 250 ಗ್ರಾಂ, ಈರುಳ್ಳಿ 2, ಟೊಮೆಟೊ 2, ಬೆಳ್ಳುಳ್ಳಿ 10 ಎಸಳು, ತೆಂಗಿನ ತುರಿ ಅರ್ಧ ಬಟ್ಟಲು, ಧನಿಯ 2 ಚಮಚ, ಜೀರಿಗೆ 1 ಚಮಚ, ಮೆಣಸು ಅರ್ಧ ಚಮಚ, ಒಣಮೆಣಸಿನಕಾಯಿ 5-6, ನೆಲ್ಲಿಕಾಯಿ ಗಾತ್ರದ ಹುಣಸೆಹಣ್ಣು, ಬಿಡಿಸಿದ ನುಗ್ಗೆ ಸೊಪ್ಪು 2 ಹಿಡಿ, ನಿಂಬೆಹಣ್ಣು 1, ಒಗ್ಗರಣೆಗೆ ಎಣ್ಣೆ, ಸಾಸಿವೆ, ಕರಿಬೇವು, ಉಪ್ಪು. ಮನೆಯಲ್ಲಿ ಸಾರಿನ ಪುಡಿ ಇದ್ದರೆ ಧನಿಯ, ಜೀರಿಗೆ, ಮೆಣಸು, ಮೆಣಸಿನಕಾಯಿ ಬದಲು 3 ಚಮಚ ಪುಡಿ ಸಾಕು.

1. ಸಂಜೆ ಹಾಲು ಹಾಕಿ ಬಂದ ಮೇಲೆ ಹುರುಳಿಯ ಕಲ್ಲು ಆರಿಸಿ, ಎರಡು ಮೂರು ಸಲ ಜಾಲಿಸಿ, ಕಾಳು ಮುಳುಗಿ ಮೇಲೆ ನಾಲ್ಕು ಬೆರಳು ನಿಲ್ಲುವಷ್ಟು ನೀರಿನಲ್ಲಿ ರಾತ್ರಿಯಿಡೀ ನೆನೆಸಿ. ಬೆಳಿಗ್ಗೆ ಆ ನೀರನ್ನು ಚೆಲ್ಲಿ. ಹೊಟ್ಟೆ ಉಬ್ಬರ ಕಡಿಮೆಯಾಗುತ್ತದೆ.

2. ಸಮಯವಿದ್ದರೆ ನೆನೆದ ಕಾಳನ್ನು ಒದ್ದೆ ಬಟ್ಟೆಯಲ್ಲಿ ಒಂದು ದಿನ ಕಟ್ಟಿಡಿ. ಮೊಳಕೆ ಮೂಗುಬೊಟ್ಟಿನಷ್ಟು ಬಂದರೆ ಸಾಕು. ಕಾಳಿನಲ್ಲಿ ಕಬ್ಬಿಣಾಂಶವನ್ನು ಹಿಡಿದಿಟ್ಟುಕೊಳ್ಳುವ ಫೈಟೇಟ್ ಎಂಬ ಅಂಶ ಇದರಿಂದ ಕಡಿಮೆಯಾಗಿ, ಕಬ್ಬಿಣ ಮೈಗೆ ಹತ್ತುವುದು ಸುಲಭವಾಗುತ್ತದೆ.

3. ಒಂದೂವರೆ ಲೀಟರ್ ನೀರು, ಒಂದು ಈರುಳ್ಳಿ ಹಾಕಿ ಕುಕ್ಕರಿನಲ್ಲಿ 5-6 ಕೂಗು ಬರುವವರೆಗೆ ಬೇಯಿಸಿ. ಕುಕ್ಕರ್ ಇಲ್ಲದಿದ್ದರೆ ಪಾತ್ರೆಯಲ್ಲಿ ಒಂದರಿಂದ ಒಂದೂವರೆ ಗಂಟೆ ಹಿಡಿಯುತ್ತದೆ. ಎರಡು ಬೆರಳಲ್ಲಿ ಒತ್ತಿದರೆ ಕಾಳು ಹಿಟ್ಟಾಗಬೇಕು. ಬೇಯಿಸಿದ ನೀರನ್ನು ಚೆಲ್ಲಬೇಡಿ.

4. ಇನ್ನೊಂದು ಈರುಳ್ಳಿ, ಆರು ಎಸಳು ಬೆಳ್ಳುಳ್ಳಿ, ಧನಿಯ, ಜೀರಿಗೆ, ಮೆಣಸು, ಮೆಣಸಿನಕಾಯಿಯನ್ನು ಸ್ವಲ್ಪ ಎಣ್ಣೆಯಲ್ಲಿ ಹುರಿಯಿರಿ. ಟೊಮೆಟೊ ಹಾಕಿ ಬಾಡಿಸಿ. ಆರಿದ ಮೇಲೆ ತೆಂಗಿನ ತುರಿ, ಹುಣಸೆಹಣ್ಣು, ಬೆಂದ ಕಾಳಿನಲ್ಲಿ ಅರ್ಧ ಭಾಗ ಸೇರಿಸಿ ನುಣ್ಣಗೆ ಅರೆಯಿರಿ.

5. ಅರೆದದ್ದನ್ನು ಉಳಿದ ಕಾಳು ಮತ್ತು ಕಟ್ಟಿಗೆ ಬೆರೆಸಿ, ಉಪ್ಪು ಹಾಕಿ ಹತ್ತು ನಿಮಿಷ ಕುದಿಸಿ. ತಳ ಹಿಡಿಯುತ್ತದೆ, ಆಗಾಗ ಕೈಯಾಡಿಸಿ. ಕೊನೆಯ ಐದು ನಿಮಿಷಕ್ಕೆ ನುಗ್ಗೆ ಸೊಪ್ಪು ಹಾಕಿ.

6. ಸಾಸಿವೆ, ಕರಿಬೇವು, ಜಜ್ಜಿದ ಉಳಿದ ಬೆಳ್ಳುಳ್ಳಿಯ ಒಗ್ಗರಣೆ ಕೊಡಿ. ನಿಂಬೆಹುಳಿಯನ್ನು ತಟ್ಟೆಗೆ ಬಡಿಸಿಕೊಂಡ ಮೇಲೆ ಹಿಂಡಿಕೊಳ್ಳಿ. ಅದರಲ್ಲಿರುವ ಸಿ ಜೀವಸತ್ವ ಕಾಳಿನ ಕಬ್ಬಿಣವನ್ನು ಮೈಗೆ ಹತ್ತಿಸುತ್ತದೆ. ಕುದಿಸಿದರೆ ಅದು ಹಾಳಾಗುತ್ತದೆ.

ಸಾರು ಸೌಟಿನಿಂದ ಧಾರೆಯಾಗಿ ಬೀಳಬಾರದು, ಮುದ್ದೆಗೆ ಅಂಟಿಕೊಳ್ಳುವಷ್ಟು ಗಟ್ಟಿ ಇರಬೇಕು.

ನೆನೆಸುವುದು ಮರೆತ ದಿನ ಹುರುಳಿಯನ್ನು ಘಮ್ಮೆನ್ನುವವರೆಗೆ ಹುರಿದು, ಬೀಸುಕಲ್ಲಿನಲ್ಲಿ ಅಥವಾ ಮಿಕ್ಸಿಯಲ್ಲಿ ಒಂದೇ ಸುತ್ತು ತಿರುಗಿಸಿ ಬೇಳೆಯಾಗಿ ಒಡೆದು ಬೇಯಿಸಿ. ಅಂಗಡಿಯಲ್ಲಿ ಸಿಗುವ ಹಳದಿ ಬಟಾಣಿ ಬೇಳೆಯಿಂದಲೂ ಇದೇ ಸಾರು ಆಗುತ್ತದೆ. ಒಂದು ಗಂಟೆ ನೆನೆಸಿ 3-4 ಕೂಗು ಕೂಗಿಸಿದರೆ ಅದು ತಾನೇ ಕರಗಿ ಗಟ್ಟಿಯಾಗುತ್ತದೆ, ಕಾಳು ಅರೆಯುವ ಕೆಲಸವೂ ಇಲ್ಲ. ಅದರಲ್ಲೂ 100 ಗ್ರಾಂಗೆ 20 ಗ್ರಾಂಗಿಂತ ಹೆಚ್ಚು ಪ್ರೋಟೀನ್ ಇದೆ. ಹುರುಳಿ ಉಷ್ಣ ಎಂದು ಬಸುರಿ ಬಾಣಂತಿಯರಿಗೆ ಕೊಡದ ಮನೆಗಳಿವೆ. ಅಂಥ ಮನೆಯಲ್ಲಿ ಜಗಳ ಬೇಡ. ಹೆಸರು ಕಾಳು, ಅಲಸಂದೆ, ಬಟಾಣಿ ಬೇಳೆ, ಯಾವುದಾದರೂ ಸರಿ, ಕಾಳು ತಟ್ಟೆಗೆ ಬಂದರೆ ಸಾಕು.

ಕೊನೆಗೆ ಉಣ್ಣುವವಳ ಪಾಲು

ಅರ್ಧ ಕಾಳನ್ನು ಅರೆಯಲು ಹೇಳಿದ್ದು ರುಚಿಗಾಗಿ ಮಾತ್ರವಲ್ಲ. ತಿಳಿ ಸಾರಿನಲ್ಲಿ ಕಾಳು ತಳದಲ್ಲಿ ಕೂರುತ್ತದೆ. ಗಂಡಸರಿಗೂ ಮಕ್ಕಳಿಗೂ ನೀವೇ ಸೌಟು ತಳಕ್ಕೆ ಹಾಕಿ ಕಾಳು ಎತ್ತಿ ಬಡಿಸುತ್ತೀರಿ. ಕೊನೆಗೆ ನೀವು ಕೂರುವಾಗ ಪಾತ್ರೆಯಲ್ಲಿ ಇರುವುದು ನೀರು. ಯಾರೂ ನಿಮಗೆ ಬೇಡ ಎಂದಿರುವುದಿಲ್ಲ, ಆದರೂ ದಿನಾ ಹೀಗೇ ಆಗುತ್ತದೆ. ಅರೆದ ಸಾರಿನಲ್ಲಿ ಮೊದಲ ಸೌಟಿಗೂ ಕೊನೆಯ ಸೌಟಿಗೂ ಅಷ್ಟು ವ್ಯತ್ಯಾಸವಿರುವುದಿಲ್ಲ. ಕೊನೆಗೆ ಉಂಡವಳಿಗೂ ಪಾಲು ಸಿಗುತ್ತದೆ.

250 ಗ್ರಾಂ ಹುರುಳಿಯನ್ನು ಐದು ಜನ ಸಮನಾಗಿ ಉಂಡರೆ ತಲೆಗೆ 11 ಗ್ರಾಂ ಪ್ರೋಟೀನ್. 100 ಗ್ರಾಂ ರಾಗಿ ಹಿಟ್ಟಿನ ಮುದ್ದೆಯಲ್ಲಿ ಸುಮಾರು 7 ಗ್ರಾಂ. ಒಂದೇ ಊಟದಲ್ಲಿ 18 ಗ್ರಾಂ ಆಯಿತು, ದಿನದ ಅಗತ್ಯದ ಮೂರನೇ ಒಂದು ಭಾಗಕ್ಕಿಂತ ಹೆಚ್ಚು. ರಾಗಿಯಲ್ಲಿ ಕೊರತೆಯಿರುವ ಲೈಸಿನ್ ಎಂಬ ಅಂಶ ಹುರುಳಿಯಲ್ಲಿ ಧಾರಾಳವಾಗಿದೆ, ಹಾಗಾಗಿ ಮುದ್ದೆ-ಹುರುಳಿ ಒಳ್ಳೆಯ ಜೋಡಿ. ಮೇಲೆ ಒಂದು ಲೋಟ ಹಾಲು ಕುಡಿದರೆ ಇನ್ನೂ 6 ಗ್ರಾಂ, ಜೊತೆಗೆ ಕ್ಯಾಲ್ಸಿಯಂ. ಡೇರಿಗೆ ಕ್ಯಾನು ಎತ್ತುವ ಮೊದಲು ಮನೆಗೆ ಅರ್ಧ ಲೀಟರ್ ಎತ್ತಿಡಿ, ಅದರಲ್ಲಿ ನಿಮ್ಮ ಲೋಟವೂ ಇರಲಿ.

ಊಟದ ಜೊತೆ ಟೀ ಬೇಡ. ಟೀ ಕುಡಿದರೆ ಕಾಳಿನ ಕಬ್ಬಿಣ ಮೈಗೆ ಹತ್ತುವುದು ಕಡಿಮೆಯಾಗುತ್ತದೆ. ಒಂದು ಗಂಟೆ ಬಿಟ್ಟು ಕುಡಿಯಿರಿ.

ಹಾಗಾದರೆ ಹಸುವಿಗೆ ಏನು?

ಹುರುಳಿ ನಿಲ್ಲಿಸಿದರೆ ಹಾಲು ಇಳಿದೀತು ಎಂಬ ಭಯ ಸಹಜ. ಹೀಗೆ ಮಾಡಿ:

ಥಟ್ಟನೆ ನಿಲ್ಲಿಸಬೇಡಿ. ಒಂದು ವಾರದಿಂದ ಹತ್ತು ದಿನದಲ್ಲಿ ಸ್ವಲ್ಪ ಸ್ವಲ್ಪವಾಗಿ ಹುರುಳಿ ಇಳಿಸಿ, ಅಷ್ಟೇ ತೂಕದ ಪಶು ಆಹಾರ ಏರಿಸಿ. ಭಾರತೀಯ ಮಾನಕದ ಪ್ರಕಾರ ಮೊದಲ ದರ್ಜೆಯ ಪಶು ಆಹಾರದಲ್ಲಿ ಕನಿಷ್ಠ ಶೇಕಡ 22, ಎರಡನೇ ದರ್ಜೆಯದರಲ್ಲಿ ಶೇಕಡ 20 ಪ್ರೋಟೀನ್ ಇರಬೇಕು. ಹುರುಳಿಯದೂ ಅಷ್ಟೇ. ಸಂಘದಲ್ಲಿ ಪಶು ಆಹಾರದ ಕಿಲೋ ಬೆಲೆ, ಸಂತೆಯಲ್ಲಿ ಹುರುಳಿಯ ಕಿಲೋ ಬೆಲೆ, ಬೇಯಿಸಲು ಸುಟ್ಟ ಸೌದೆ, ಮೂರನ್ನೂ ಪಾಸ್‌ಬುಕ್ಕಿನ ಹಿಂದೆ ಬರೆದು ನೋಡಿ.

ದೇಹ ಪೋಷಣೆಗೆ ದಿನಕ್ಕೆ ಸುಮಾರು ಒಂದೂವರೆ ಕಿಲೋ, ಅದರ ಮೇಲೆ ಪ್ರತಿ ಎರಡೂವರೆ ಲೀಟರ್ ಹಾಲಿಗೆ ಒಂದು ಕಿಲೋ ಪಶು ಆಹಾರ ಎಂಬುದು ಸ್ಥೂಲ ಲೆಕ್ಕ. ಹಸಿರು ಮೇವು ಚೆನ್ನಾಗಿದ್ದರೆ ಕಡಿಮೆ ಸಾಕು. ಬದುವಿನಲ್ಲಿ ಅಲಸಂದೆ ಅಥವಾ ಕುದುರೆ ಮಸಾಲೆ ಸೊಪ್ಪು ಬೆಳೆದರೆ ಅದೇ ಹಸುವಿನ ಕಾಳು. ಮಿಕ್ಕ ಅನ್ನ, ಹಬ್ಬದ ಪಾಯಸ, ಹೋಳಿಗೆಯನ್ನು ರಾಶಿಯಾಗಿ ಸುರಿಯಬೇಡಿ.

ಸಾರು ಔಷಧಿಯಲ್ಲ

ಒಂದು ಮಾತು ಸ್ಪಷ್ಟವಾಗಿ ಹೇಳಬೇಕು. ನಾನು ದನಗಳ ವೈದ್ಯೆ, ಮನುಷ್ಯರ ವೈದ್ಯೆಯಲ್ಲ. ಹೆಂಗಸಿಗೆ ದಿನಕ್ಕೆ 29 ಮಿಲಿಗ್ರಾಂ ಕಬ್ಬಿಣ ಬೇಕು. ಒಬ್ಬರ ಪಾಲಿನ 50 ಗ್ರಾಂ ಹುರುಳಿಯಲ್ಲಿ ಸಿಗುವುದು ಸುಮಾರು 4. ಹಾಗಾಗಿ ರಕ್ತ ಈಗಾಗಲೇ ಕಡಿಮೆಯಾಗಿದ್ದರೆ ಸಾರಿನಿಂದ ಮಾತ್ರ ಸರಿಹೋಗುವುದಿಲ್ಲ. ತಲೆಸುತ್ತು, ಕ್ಯಾನು ಎತ್ತಿದರೆ ಏದುಸಿರು, ಎದೆ ಡವಡವ, ಮುಟ್ಟಿನಲ್ಲಿ ಹೆಚ್ಚು ಸ್ರಾವ ಇದ್ದರೆ ಆಶಾ ಕಾರ್ಯಕರ್ತೆಗೆ ಹೇಳಿ ಆರೋಗ್ಯ ಕೇಂದ್ರದಲ್ಲಿ ರಕ್ತ ಪರೀಕ್ಷೆ ಮಾಡಿಸಿ. ಕಬ್ಬಿಣಾಂಶದ ಮಾತ್ರೆ ಅಲ್ಲಿ ಉಚಿತ. ಮಲ ಕಪ್ಪಾಯಿತೆಂದು ಹೆದರಿ ಮಾತ್ರೆ ಬಿಡಬೇಡಿ. ಕರುವಿಗೆ ಜಂತಿನ ಔಷಧಿ ತಪ್ಪದೆ ಹಾಕಿಸುತ್ತೀರಿ, ನಿಮಗೂ ಬೇಕೇ ಎಂದು ಅಲ್ಲಿನ ವೈದ್ಯರನ್ನು ಕೇಳಿ. ಮೂತ್ರಪಿಂಡದ ತೊಂದರೆ ಇರುವವರು ಕಾಳಿನ ಪ್ರಮಾಣವನ್ನು ಅವರನ್ನೇ ಕೇಳಿ ತಿನ್ನಬೇಕು.

ಆ ಮನೆಯ ವಿಷಯ ಹೇಳಿ ಮುಗಿಸುತ್ತೇನೆ. ಹಸು ಮೂರನೇ ದಿನ ಮೆಲುಕು ಹಾಕಿತು. ಹುರುಳಿ ಬದಲು ಪಶು ಆಹಾರ ಕೊಟ್ಟ ಮೇಲೂ ಹಾಲು ಇಳಿಯಲಿಲ್ಲ. ಆ ಅಕ್ಕ ಮಾತ್ರೆ ನುಂಗಿದರು, ವಾರಕ್ಕೆ ಮೂರು ದಿನ ಗಟ್ಟಿ ಸಾರು ಮಾಡಿದರು. ಮೂರು ತಿಂಗಳಿಗೆ ಹಿಮೋಗ್ಲೋಬಿನ್ 10 ದಾಟಿತು. ಇನ್ನೂ 12 ಮುಟ್ಟಬೇಕು. ಈಚೆಗೆ ಆ ದಾರಿಯಲ್ಲಿ ಹೋದಾಗ ಅತ್ತೆ ಕರೆದು ಊಟಕ್ಕೆ ಕೂರಿಸಿದರು. ಸೊಸೆ ಬಡಿಸಲು ನಿಂತಾಗ, "ನೀನೂ ಕೂತ್ಕೊಳೆ, ಡಾಕ್ಟ್ರಮ್ಮ ಬೈತಾರೆ" ಎಂದು ತಾವೇ ಸೌಟು ಹಿಡಿದರು.

ಈ ಸಂಚಿಕೆಯನ್ನು ಸಂಘದಲ್ಲಿ ಓದು ಬರುವವರು ಬಾರದವರಿಗೆ ಓದಿ ಹೇಳಿ. ನಿಮ್ಮ ಕೊಟ್ಟಿಗೆಗೆ ಬಂದಾಗ ಹಸು ಏನು ತಿಂತು ಎಂದು ಕೇಳುವುದು ನನ್ನ ಕೆಲಸ. ಇನ್ನು ಮುಂದೆ ನೀವೇನು ತಿಂದಿರಿ ಎಂದೂ ಕೇಳುತ್ತೇನೆ.